ಪ್ರತಿವಾದಿಯನ್ನು ಕೂಗಿಸಲಾಯಿತು

ಅಪ್ಪನ ಫೋಟೋ ಕಟ್ಟು ಹಾಕುವ ಅಂಗಡಿಗೆ ನ್ಯಾಯಾಲಯದ ಬೇಲಿಫ್ ಬಂದದ್ದು 2023ರ ಆಗಸ್ಟ್ ತಿಂಗಳ ಒಂದು ಬೆಳಿಗ್ಗೆ, ಮಳೆ ಸ್ವಲ್ಪ ಹೊಳವಾಗಿದ್ದ ಹೊತ್ತಿನಲ್ಲಿ. ನಾನು ಗಾಜು ಕೊಯ್ಯುತ್ತಿದ್ದೆ. ಅಪ್ಪ ಒಳಗೆ ಸ್ಟೂಲಿನ ಮೇಲೆ ಕುಳಿತು ಯಾರದೋ ಮದುವೆ ಫೋಟೋದ ಹಿಂಬದಿಗೆ ಹಾರ್ಡ್‌ಬೋರ್ಡ್ ಕೂರಿಸಿ ಸಣ್ಣ ಮೊಳೆ ಹೊಡೆಯುತ್ತಿದ್ದರು. ಬಂದವರು ಚಪ್ಪಲಿಯನ್ನು ಹೊರಗೆ ಬಿಟ್ಟು, ಅಪ್ಪನ ಹೆಸರು ಕೇಳಿ, ಕೈಯಲ್ಲಿದ್ದ ಕಾಗದವನ್ನು ಗಾಜಿನ ಮೇಜಿನ ಮೇಲಿಟ್ಟರು. ಅಂಗಡಿಯ ಸ್ವಾಧೀನವನ್ನು ಕಟ್ಟಡದ ಮಾಲೀಕರಿಗೆ ಬಿಡಿಸಿಕೊಡಬೇಕೆಂಬ ಡೆಲಿವರಿ ವಾರಂಟ್ ಅದು. ನಮ್ಮ ಮೇಲೆ ಒಂದು ದಾವೆ ಇತ್ತೆಂಬುದು, ಅದು ಡಿಕ್ರಿಯಾಗಿ, ಅಂದರೆ ನ್ಯಾಯಾಲಯದ ತೀರ್ಮಾನ ನಮ್ಮ ವಿರುದ್ಧ ಬಂದು, ಏಳು ತಿಂಗಳು ಕಳೆದಿದೆಯೆಂಬುದು, ಆ ಡಿಕ್ರಿಯನ್ನು ಜಾರಿಗೆ ತರುವ ಅಮಲ್ಜಾರಿಯೂ ಶುರುವಾಗಿದೆಯೆಂಬುದು, ಈ ಮೂರೂ ನಮಗೆ ಒಟ್ಟಿಗೇ ತಿಳಿದದ್ದು ಆ ಮೇಜಿನ ಎದುರು.

ನಮ್ಮದು ಉತ್ತರ ಕನ್ನಡದ ಕರಾವಳಿಯ ಒಂದು ತಾಲೂಕು ಕೇಂದ್ರ. ಯಾವುದೆಂದು ಬರೆಯುವುದಿಲ್ಲ, ಸಣ್ಣ ಊರಿನಲ್ಲಿ ಊರು ಹೇಳಿದರೆ ಮನೆ ಹೇಳಿದಂತೆ. ದಾವೆ ಇನ್ನೂ ನಡೆಯುತ್ತಿರುವುದರಿಂದ ಅದರ ಹುರುಳಿನ ಬಗ್ಗೆಯೂ ಹೆಚ್ಚು ಹೇಳುವುದಿಲ್ಲ. ಆದರೆ ಆ ಬೆಳಗಿನಿಂದ ಮುಂದಿನ ಹದಿನಾರು ತಿಂಗಳು ನಾವು ಯಾವುದಕ್ಕಾಗಿ ಅಲೆದೆವು ಎಂಬುದನ್ನು ಬರೆಯಲೇಬೇಕೆನಿಸಿದೆ. ಬಾಡಿಗೆದಾರರ ವಿಷಯದಲ್ಲಿ ನಮ್ಮ ಪೇಟೆಯಲ್ಲಿ ಚಾಲ್ತಿಯಲ್ಲಿರುವ ಮಾತು ಒಂದೇ: ಕೋರ್ಟಿಗೆ ಹೋದರೆ ಹತ್ತು ವರ್ಷ ಆರಾಮ, ಎಷ್ಟು ತಡವಾದರೆ ಅಷ್ಟು ಬಾಡಿಗೆದಾರನಿಗೆ ಲಾಭ. ದಾವೆ ನಡೆಯುತ್ತಿರುವಾಗ ಅದು ಕೆಲವರ ಮಟ್ಟಿಗೆ ನಿಜವಿರಬಹುದು. ಬಾಡಿಗೆದಾರನ ಮಾತು ಕೇಳದೆಯೇ ಡಿಕ್ರಿಯಾಗಿಬಿಟ್ಟಿದ್ದು, ಅದನ್ನು ಅವನು ಪ್ರಶ್ನಿಸಬೇಕಾಗಿ ಬಂದಾಗ ಈ ಲೆಕ್ಕ ತಿರುವುಮುರುವಾಗುತ್ತದೆ. ಡಿಕ್ರಿ ಗಟ್ಟಿಯಾಗಿ ನಿಂತಿರುತ್ತದೆ, ಅವನ ಅರ್ಜಿ ಕಾಯುತ್ತಿರುತ್ತದೆ, ಕಾಯುವ ಪ್ರತಿ ತಾರೀಖಿನಲ್ಲಿಯೂ ಅಂಗಡಿಯ ಬೀಗ ಬೇರೆಯವರ ಕೈಗೆ ಹೋಗುವ ಸಾಧ್ಯತೆ ಇದ್ದೇ ಇರುತ್ತದೆ.

ಹಿನ್ನೆಲೆ ಇಷ್ಟು. ಅಪ್ಪ ಆ ಅಂಗಡಿಗೆ ಬಂದದ್ದು 1987ರಲ್ಲಿ. ಹಳೆಯ ಮಾಲೀಕರು ಪ್ರತಿ ತಿಂಗಳು ಬಾಡಿಗೆ ಪಡೆದು ಒಂದು ನೋಟ್‌ಬುಕ್ಕಿನಲ್ಲಿ ಸಹಿ ಹಾಕಿ ಕೊಡುತ್ತಿದ್ದರು. 2005ರಲ್ಲಿ ತೆಗೆದುಕೊಂಡ 75,000 ರೂಪಾಯಿ ಮುಂಗಡಕ್ಕೂ ಅದೇ ಪುಸ್ತಕದಲ್ಲಿ ಸಹಿ ಇದೆ. ಅವರು ತೀರಿಕೊಂಡ ಮೇಲೆ ಮಕ್ಕಳು 2021ರಲ್ಲಿ ಕಟ್ಟಡವನ್ನು ಮಾರಿದರು. ಹೊಸ ಮಾಲೀಕರು ಆ ವರ್ಷದ ನವೆಂಬರ್‌ನಿಂದ ಬಾಡಿಗೆ ತೆಗೆದುಕೊಳ್ಳಲಿಲ್ಲ; ಅಪ್ಪ ಕಳಿಸಿದ ಮನಿಯಾರ್ಡರ್ ಹಿಂದಿರುಗಿತು. 2022ರ ಮಾರ್ಚ್‌ನಲ್ಲಿ ವಕೀಲರ ನೋಟಿಸ್ ಬಂದಿತ್ತು. ಅದನ್ನು ಅಪ್ಪ ಯಾರಿಗೂ ತೋರಿಸದೆ, ಅಂಗಡಿಯ ಡ್ರಾಯರಿನಲ್ಲಿ ಚಿನ್ನದ ಬಣ್ಣದ ಪಟ್ಟಿಗಳ ಮಾದರಿಯ ಕೆಳಗೆ ಇಟ್ಟುಬಿಟ್ಟಿದ್ದರು. ಮಾಲೀಕರ ಕಡೆಯವರೊಬ್ಬರನ್ನು ಕಂಡು "ನಮ್ಮ ಮುಂಗಡ ಕೊಡ್ರಿ, ಆರು ತಿಂಗಳಲ್ಲಿ ಬಿಟ್ಟುಕೊಡ್ತೇನೆ" ಎಂದು ಬಾಯಿಮಾತಿನಲ್ಲಿ ಹೇಳಿ ಬಂದಿದ್ದರಂತೆ. ಹೇಳಿದ ಮೇಲೆ ವಿಷಯ ಮುಗಿಯಿತೆಂದು ಅವರು ತಿಳಿದಿದ್ದರು. ಆ ನೋಟಿಸಿಗೆ ಲಿಖಿತ ಉತ್ತರ ಹೋಗಿದ್ದರೆ ಮುಂದಿನದೆಲ್ಲ ಬೇರೆಯದೇ ದಾರಿ ಹಿಡಿಯುತ್ತಿತ್ತು. ಈ ತಪ್ಪು ನಮ್ಮ ಮನೆಯದೇ.

ಬೇಲಿಫ್ ಒಳ್ಳೆಯ ಮನುಷ್ಯ. ಅಂಗಡಿಯ ಗೋಡೆಗೆ ಒರಗಿಸಿಟ್ಟಿದ್ದ ಗಾಜಿನ ಹಾಳೆಗಳನ್ನೂ, ಕಟ್ಟು ಹಾಕಲು ಜನ ಕೊಟ್ಟುಹೋಗಿದ್ದ ನೂರಾರು ಫೋಟೋಗಳನ್ನೂ ನೋಡಿ, ಇದನ್ನೆಲ್ಲ ಒಂದೇ ದಿನದಲ್ಲಿ ಖಾಲಿ ಮಾಡಿಸಲಾಗದು ಎಂದು ಷರಾ ಬರೆದುಕೊಂಡರು. ಹೋಗುವಾಗ ನನ್ನನ್ನು ಹೊರಗೆ ಕರೆದು, "ತಮ್ಮಾ, ಹನ್ನೆರಡು ದಿನಕ್ಕೆ ಮುಂದಿನ ತಾರೀಖಿದೆ. ಅಷ್ಟರೊಳಗೆ ಸ್ಟೇ ತಾ. ಇಲ್ಲದಿದ್ದರೆ ಮುಂದಿನ ಸಲ ಪೊಲೀಸರ ಜತೆ ಬರಬೇಕಾಗ್ತದೆ" ಎಂದರು.

ಅದೇ ಮಧ್ಯಾಹ್ನ ನಾವು ಕಂಡ ವಕೀಲರು ಹೆಣ್ಣುಮಗಳು, ಇಪ್ಪತ್ತು ವರ್ಷಗಳಿಂದ ಸಿವಿಲ್ ಕೆಲಸ ಮಾಡಿದವರು. ಅವರು ಮೊದಲು ಕೇಳಿದ್ದು ಅಂಗಡಿಯ ಅಳತೆ. ನಾನು ಫ್ರೇಮಿನ ಟೇಪು ಹಿಡಿದು ಅಳೆದು ಫೋನಿನಲ್ಲಿ ಹೇಳಿದೆ: ಹನ್ನೊಂದು ಅಡಿ ಅಗಲ, ಹದಿನೆಂಟು ಅಡಿ ಉದ್ದ. ಬಾಡಿಗೆ ಕಾಯ್ದೆ ನಮ್ಮನ್ನು ಕಾಯುತ್ತದೆಂದು ಅಪ್ಪ ಮೂವತ್ತೈದು ವರ್ಷ ನಂಬಿದ್ದರು. 1999ರ ಕರ್ನಾಟಕ ಬಾಡಿಗೆ ಕಾಯ್ದೆಯಲ್ಲಿ 14 ಚದರ ಮೀಟರಿಗಿಂತ ದೊಡ್ಡದಾದ ವಾಣಿಜ್ಯ ಮಳಿಗೆಗೆ ರಕ್ಷಣೆ ಇಲ್ಲ. ನಮ್ಮದು 18 ಚದರ ಮೀಟರ್ ದಾಟುತ್ತಿತ್ತು. ಹಾಗಾಗಿ ನಮಗೆ ಅನ್ವಯವಾಗುವುದು 1882ರ ಸ್ವತ್ತು ವರ್ಗಾವಣೆ ಕಾಯ್ದೆ. ಅದರ 106ನೆಯ ಕಲಮಿನ ಪ್ರಕಾರ ತಿಂಗಳ ಬಾಡಿಗೆಯನ್ನು ಹದಿನೈದು ದಿನಗಳ ನೋಟಿಸ್ ಕೊಟ್ಟು ಮುಗಿಸಬಹುದು, ಕಾರಣ ಹೇಳಬೇಕಾಗಿಲ್ಲ. ವಕೀಲರು ಇದನ್ನು ಮುಚ್ಚಿಡಲಿಲ್ಲ. "ಅಂಗಡಿ ಕೊನೆವರೆಗೂ ಉಳೀತದೆ ಅಂತ ನಾನು ಹೇಳುವುದಿಲ್ಲ. ಆದರೆ ಈ ಡಿಕ್ರಿಯಲ್ಲಿ ನಿಮ್ಮ ಮುಂಗಡದ ಸುದ್ದಿಯೇ ಇಲ್ಲ, ನಷ್ಟಪರಿಹಾರ ತಿಂಗಳಿಗೆ ಎಂಟು ಸಾವಿರ ಅಂತ ಬರೆದಿದೆ. ಯಾರೂ ಅಲ್ಲಗಳೆಯದ ಕಾರಣಕ್ಕೆ ಅದು ಹಾಗೇ ಒಪ್ಪಿಗೆಯಾಗಿದೆ" ಎಂದರು. ನಮ್ಮ ಬಾಡಿಗೆ 2,800 ರೂಪಾಯಿ. ದಾವೆ ಹಾಕಿದ 2022ರ ಜೂನ್‌ನಿಂದ ಎಂಟು ಸಾವಿರದ ಲೆಕ್ಕ ಹಿಡಿದರೆ ಆ ಹೊತ್ತಿಗಾಗಲೇ ಲಕ್ಷ ದಾಟಿತ್ತು. ಕಟ್ಟಡ ಕೊಂಡವರಿಗೆ ತಮ್ಮ ಜಾಗ ಕೇಳುವ ಹಕ್ಕಿಲ್ಲವೆಂದು ನಾನು ಆಗಲೂ ವಾದಿಸಲಿಲ್ಲ, ಈಗಲೂ ವಾದಿಸುವುದಿಲ್ಲ. ನಮಗೆ ಬೇಕಾಗಿದ್ದದ್ದು ಲೆಕ್ಕ ತೀರುವಾಗ ನಮ್ಮ ಪುಸ್ತಕವನ್ನೂ ಮೇಜಿನ ಮೇಲಿಡುವ ಅವಕಾಶ.

ಏಕಪಕ್ಷೀಯ ಡಿಕ್ರಿಯನ್ನು ರದ್ದುಪಡಿಸಲು, ಅದನ್ನು ಕೊಟ್ಟ ನ್ಯಾಯಾಲಯಕ್ಕೇ ಅರ್ಜಿ ಹಾಕಬೇಕು. ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೆಯ ಆದೇಶದ 13ನೆಯ ನಿಯಮ ಎಂದರೆ ವಕೀಲರ ಕಚೇರಿಯ ಗುಮಾಸ್ತರಿಗೂ ಬಾಯಿಪಾಠ. ಸಮನ್ಸ್ ಸರಿಯಾಗಿ ಜಾರಿಯಾಗಿರಲಿಲ್ಲವೆಂದಾಗಲಿ, ಹಾಜರಾಗದಿರಲು ಸಾಕಷ್ಟು ಕಾರಣವಿತ್ತೆಂದಾಗಲಿ ತೋರಿಸಬೇಕು. ಅವಧಿ ಮೂವತ್ತು ದಿನ; ಸಮನ್ಸ್ ಜಾರಿಯಾಗದಿದ್ದರೆ ಡಿಕ್ರಿಯ ವಿಷಯ ತಿಳಿದ ದಿನದಿಂದ ಎಣಿಕೆ. ನಮಗೆ ತಿಳಿದದ್ದು ಬೇಲಿಫ್ ಬಂದ ದಿನ ಎಂಬುದು ನಮ್ಮ ಮಾತು. ಆದರೂ ಎದುರಿನವರು ಅದನ್ನು ಒಪ್ಪದಿರಬಹುದೆಂದು, ವಿಳಂಬ ಮನ್ನಾ ಕೋರುವ ಇನ್ನೊಂದು ಅರ್ಜಿಯನ್ನೂ ಜೋಡಿಸಿದೆವು. ಅಮಲ್ಜಾರಿಗೆ ತಡೆ ಕೋರುವ ಅರ್ಜಿ ಮೂರನೆಯದು. ಅರ್ಜಿ ಹಾಕಿದ ಮಾತ್ರಕ್ಕೆ ಅಮಲ್ಜಾರಿ ನಿಲ್ಲುವುದಿಲ್ಲ. ಡಿಕ್ರಿಯಾಗಿ ಎರಡು ವರ್ಷದೊಳಗೆ ಅಮಲ್ಜಾರಿ ಹಾಕಿದರೆ ಯಾರ ಮೇಲೆ ಡಿಕ್ರಿಯಾಗಿದೆಯೋ ಅವರಿಗೆ ಮತ್ತೊಮ್ಮೆ ನೋಟಿಸ್ ಕೊಡಬೇಕೆಂಬ ಕಟ್ಟಳೆಯೂ ಇಲ್ಲ. ವಾರಂಟ್ ಒಮ್ಮೆಗೇ ಬಾಗಿಲಿಗೆ ಬಂದದ್ದು ಅದಕ್ಕಾಗಿಯೇ.

ಹನ್ನೆರಡು ದಿನಗಳಲ್ಲಿ ಒಂಬತ್ತು ದಿನ ಹೋದದ್ದು ನಕಲು ಪಡೆಯುವುದಕ್ಕೆ. ಮುಗಿದ ದಾವೆಯ ಕಡತ ರೆಕಾರ್ಡ್ ರೂಮಿನಲ್ಲಿರುತ್ತದೆ. ಅಲ್ಲಿಂದ ಅದು ನಕಲು ಶಾಖೆಗೆ ಬರಬೇಕು, ಪುಟ ಎಣಿಸಿ ಶುಲ್ಕ ಹೇಳಬೇಕು, ಶುಲ್ಕ ಕಟ್ಟಿದ ಮೇಲೆ ಪ್ರತಿ ತೆಗೆದು, ತಾಳೆ ನೋಡಿ, ಮೊಹರು ಹಾಕಬೇಕು. ಯಾರೂ ಬೇಕೆಂದು ತಡ ಮಾಡಲಿಲ್ಲ. ಒಬ್ಬರು ರಜೆಯಲ್ಲಿದ್ದರು, ಸ್ವಾತಂತ್ರ್ಯ ದಿನಾಚರಣೆಯ ಬಿಡುವು ನಡುವೆ ಬಂತು, ಜೆರಾಕ್ಸ್ ಯಂತ್ರ ಒಂದು ದಿನ ಕೆಟ್ಟಿತ್ತು. ವಕೀಲರು ಕಾಯದೆ, ಇ-ಕೋರ್ಟ್ ಜಾಲತಾಣದಲ್ಲಿ ಸಿಕ್ಕ ತೀರ್ಪಿನ ಪ್ರತಿಯನ್ನೇ ಲಗತ್ತಿಸಿ, ದೃಢೀಕೃತ ನಕಲನ್ನು ಆಮೇಲೆ ಹಾಜರುಪಡಿಸಲು ಅನುಮತಿ ಕೋರಿ ಅರ್ಜಿ ದಾಖಲಿಸಿದರು. ಕಚೇರಿಯಿಂದ ಆಕ್ಷೇಪಣೆ ಬಂತು. ಒಂದು ಪ್ರಮಾಣಪತ್ರದಲ್ಲಿ ಪುಟಸಂಖ್ಯೆ ಇರಲಿಲ್ಲ. ಅದನ್ನು ಸರಿಪಡಿಸಿ, ಹನ್ನೊಂದನೆಯ ದಿನ ಮಧ್ಯಾಹ್ನ ಮಧ್ಯಂತರ ತಡೆ ಸಿಕ್ಕಿತು. ಷರತ್ತು: ಬಾಕಿ ಬಾಡಿಗೆಯನ್ನು ನಾಲ್ಕು ವಾರದೊಳಗೆ ನ್ಯಾಯಾಲಯದಲ್ಲಿ ಠೇವಣಿ ಇಡಬೇಕು. 22 ತಿಂಗಳಿಗೆ 61,600 ರೂಪಾಯಿ. ಅಮ್ಮನ, ನಮ್ಮ ಮಾತಿನಲ್ಲಿ ಆಯಿಯ, ಎರಡು ಬಳೆ ಸೊಸೈಟಿಗೆ ಅಡವು ಹೋಯಿತು.

ನಕಲು ಕೈಗೆ ಬಂದ ರಾತ್ರಿ ನಾನು ಅದನ್ನು ಮೂರು ಸಲ ಓದಿದೆ. ದಾವೆಯ ಆದೇಶ ಹಾಳೆಯಲ್ಲಿ ಒಂದು ಸಾಲು ಇತ್ತು: "ಪ್ರತಿವಾದಿಯನ್ನು ಕೂಗಿಸಲಾಯಿತು. ಗೈರುಹಾಜರು. ಏಕಪಕ್ಷೀಯವೆಂದು ಇಡಲಾಗಿದೆ." ಅಪ್ಪನ ಹೆಸರನ್ನು ನ್ಯಾಯಾಲಯದ ಪಡಸಾಲೆಯಲ್ಲಿ ಯಾರೋ ಗಟ್ಟಿಯಾಗಿ ಕೂಗಿದ್ದಾರೆ, ಆ ದಿನ ನಾವು ಎಲ್ಲಿದ್ದೆವೆಂದು ಡೈರಿ ತೆಗೆದು ನೋಡಿದೆ. ಮಣಿಪಾಲದಲ್ಲಿದ್ದೆವು. 2022ರ ಜೂನ್ ಕೊನೆಯಿಂದ ಐದು ವಾರ ಅಪ್ಪ ಮೂತ್ರಪಿಂಡದ ಕಾಯಿಲೆಗೆ ಅಲ್ಲಿ ಒಳರೋಗಿಯಾಗಿದ್ದರು. ಹೆಚ್ಚಿನ ಚಿಕಿತ್ಸೆ ಎಂದರೆ ನಮ್ಮ ಜಿಲ್ಲೆಯವರು ಜಿಲ್ಲೆ ದಾಟಬೇಕೆಂಬುದು ಎಲ್ಲರಿಗೂ ತಿಳಿದದ್ದೇ. ಆ ಐದು ವಾರ ಅಂಗಡಿಗೆ ಬೀಗ. ರಿಜಿಸ್ಟರ್ಡ್ ಅಂಚೆಯ ಲಕೋಟೆ "ಬಾಗಿಲು ಹಾಕಿದೆ" ಎಂಬ ಷರಾದೊಂದಿಗೆ ಹಿಂದಿರುಗಿತ್ತು. ಸಮನ್ಸ್ ಜಾರಿ ಮಾಡಲು ಬಂದವರು ಅದನ್ನು ಶಟರಿಗೆ ಅಂಟಿಸಿ ಹೋಗಿದ್ದರು. ಜುಲೈ ತಿಂಗಳ ಮಳೆಯಲ್ಲಿ ಕರಾವಳಿಯ ಶಟರಿಗೆ ಅಂಟಿಸಿದ ಕಾಗದ ಎಷ್ಟು ಹೊತ್ತು ನಿಲ್ಲುತ್ತದೆಂದು ಇಲ್ಲಿನವರಿಗೆ ನಾನು ಹೇಳಬೇಕಾಗಿಲ್ಲ.

ಅಂಟಿಸಿ ಜಾರಿ ಮಾಡುವುದನ್ನು ಕಾನೂನು ಒಪ್ಪುತ್ತದೆ. ಆದರೆ ತಕ್ಕಷ್ಟು ಪ್ರಯತ್ನ ಮಾಡಿಯೂ ಪ್ರತಿವಾದಿ ಸಿಗದಿದ್ದಾಗ ಮಾತ್ರ. ಅಂಟಿಸಿದವರು ತಮ್ಮ ವರದಿಯಲ್ಲಿ ಅದು ಯಾವ ಸಂದರ್ಭದಲ್ಲಿ ನಡೆಯಿತು, ಆ ಜಾಗವನ್ನು ಗುರುತಿಸಿ ತೋರಿಸಿದವರು ಯಾರು, ಯಾರ ಸಮಕ್ಷಮ ಅಂಟಿಸಲಾಯಿತು ಎಂಬುದನ್ನು ಹೆಸರು ವಿಳಾಸ ಸಹಿತ ಬರೆಯಬೇಕು. ನಮ್ಮ ನಕಲಿನಲ್ಲಿ ಆ ಜಾಗ ಖಾಲಿಯಿತ್ತು. ಅಚ್ಚಾದ ಸಾಲಿನ ಮುಂದೆ ಚುಕ್ಕಿಗಳು, ಚುಕ್ಕಿಗಳ ಮೇಲೆ ಏನೂ ಇಲ್ಲ. ವಕೀಲರು ಆ ಚುಕ್ಕಿಗಳ ಕೆಳಗೆ ಪೆನ್ಸಿಲಿನಿಂದ ಗೆರೆ ಎಳೆದು, "ನಿಮ್ಮ ಕೇಸು ಇದು" ಎಂದರು. ಒಂದೂವರೆ ಅಂಗುಲದ ಆ ಖಾಲಿ ಜಾಗವನ್ನು ನ್ಯಾಯಾಧೀಶರಿಗೆ ತೋರಿಸುವ ದಿನ ಬರಲು ಇನ್ನೂ ಒಂದು ವರ್ಷ ಹಿಡಿಯಿತು.

ಆ ವರ್ಷದ ಮೊದಲ ಆರು ತಿಂಗಳು ನುಂಗಿದ್ದು ನೋಟಿಸ್. ಅರ್ಜಿಯ ನೋಟಿಸ್ ಎದುರುದಾರರಿಗೆ ಮುಟ್ಟಬೇಕು. ಅವರು ಇರುವುದು ಮುಂಬಯಿಯಲ್ಲಿ. ಪ್ರೊಸೆಸ್ ಶುಲ್ಕ ಕಟ್ಟಿ, ಲಕೋಟೆ ಕೊಟ್ಟು, ಮುಂದಿನ ತಾರೀಖಿಗೆ ಹೋದರೆ ನೋಟಿಸ್ ಹಿಂದಿರುಗಿಲ್ಲ. ಅದರ ಮುಂದಿನ ತಾರೀಖಿಗೆ ಹೋದರೆ ವಿಳಾಸ ಅಪೂರ್ಣ. ಹೊಸ ವಿಳಾಸ ಕೊಟ್ಟು ಮತ್ತೆ ಶುಲ್ಕ ಕಟ್ಟಿದರೆ "ವಿಳಾಸದಲ್ಲಿಲ್ಲ". ನನಗೆ ನೋವಾದದ್ದು ಇಲ್ಲಿ. ಅದೇ ಮಾಲೀಕರ ಪರವಾಗಿ ವಕೀಲರೊಬ್ಬರು ಅದೇ ನ್ಯಾಯಾಲಯದಲ್ಲಿ, ಅಮಲ್ಜಾರಿ ಪ್ರಕರಣದಲ್ಲಿ, ಪ್ರತಿ ತಾರೀಖಿಗೂ ಹಾಜರಿರುತ್ತಿದ್ದರು. ನಾವು ಕುಳಿತ ಬೆಂಚಿನಿಂದ ಎಂಟು ಹೆಜ್ಜೆ ದೂರದಲ್ಲಿ ನಿಂತು, ತಡೆ ತೆರವಾದ ಕೂಡಲೇ ವಾರಂಟ್ ಮರಳಿ ಹೊರಡಿಸಬೇಕೆಂದು ಕೇಳುತ್ತಿದ್ದರು. ನಮ್ಮ ಅರ್ಜಿ ಪ್ರತ್ಯೇಕ ಪ್ರಕರಣವಾದ್ದರಿಂದ ಅದರಲ್ಲಿ ಅವರಿಗೆ ವಕಾಲತ್ತು, ಅಂದರೆ ಮಾಲೀಕರ ಪರ ನಿಲ್ಲುವ ಅಧಿಕಾರಪತ್ರ, ಇರಲಿಲ್ಲ. ಹಾಗಾಗಿ ನೋಟಿಸ್ ಮುಂಬಯಿಗೇ ಹೋಗಬೇಕು. ಐದು ಸಲ ಹೋಗಿ ಬಂದ ಮೇಲೆ, 2024ರ ಫೆಬ್ರುವರಿಯಲ್ಲಿ, ಅಮಲ್ಜಾರಿಯ ವಕೀಲರ ಮೂಲಕವೇ ನೋಟಿಸ್ ಜಾರಿ ಮಾಡಲು ಅನುಮತಿ ಸಿಕ್ಕಿತು. ಅದನ್ನು ಮುಟ್ಟಿಸಲು ಹಿಡಿದದ್ದು ಒಂದು ನಿಮಿಷ.

ಅಷ್ಟರಲ್ಲಿ ಅಪ್ಪ ಇರಲಿಲ್ಲ. ಜನವರಿಯ ಮೂರನೆಯ ವಾರ, ಡಯಾಲಿಸಿಸ್ ಮುಗಿಸಿ ಬಂದ ರಾತ್ರಿ ಹೋದರು. ಕೊನೆಯ ಎರಡು ತಿಂಗಳು ಅವರು ಅಂಗಡಿಗೆ ಬರುತ್ತಿರಲಿಲ್ಲ, ಆದರೆ ಪ್ರತಿ ತಾರೀಖಿನ ಸಂಜೆ "ಎಂತ ಹೇಳಿದ್ರು?" ಎಂದು ಕೇಳುತ್ತಿದ್ದರು. ನೋಟಿಸ್ ಬಂದಿಲ್ಲವಂತೆ ಎಂದು ನಾನು ಹೇಳುತ್ತಿದ್ದೆ. ಯಾವ ನೋಟಿಸ್ ಎಂದು ಅವರು ಮತ್ತೆ ಕೇಳುವರು. ಡ್ರಾಯರಿನಲ್ಲಿಟ್ಟ ನೋಟಿಸ್ ಅವರ ಮನಸ್ಸಿನಿಂದ ಕೊನೆಯವರೆಗೂ ಹೋಗಿರಲಿಲ್ಲ.

ಅರ್ಜಿದಾರ ತೀರಿಕೊಂಡರೆ ತೊಂಬತ್ತು ದಿನಗಳೊಳಗೆ ವಾರಸುದಾರರನ್ನು ದಾಖಲೆಗೆ ತರಬೇಕು, ಇಲ್ಲವಾದರೆ ಅರ್ಜಿ ತಾನಾಗಿ ಬಿದ್ದುಹೋಗುತ್ತದೆ. ಮರಣ ಪ್ರಮಾಣಪತ್ರ, ವಂಶವೃಕ್ಷ, ಆಯಿಯ, ನನ್ನ, ಹುಬ್ಬಳ್ಳಿಯಲ್ಲಿರುವ ತಂಗಿಯ ಸಹಿ. ತಂಗಿ ಒಂದು ದಿನದ ರಜೆ ಹಾಕಿ ಬಂದು, "ಅಣ್ಣಾ, ಅಪ್ಪನ ಹೆಸರಿನ ಹಿಂದೆ 'ಮೃತ' ಅಂತ ಬರೆದ ಕಾಗದಕ್ಕೆ ಸಹಿ ಹಾಕೋದಕ್ಕೆ ಬಂದೆನಲ್ಲ" ಎಂದು ಅತ್ತಳು. ಈ ಅರ್ಜಿಗೂ ನೋಟಿಸ್, ಆಕ್ಷೇಪಣೆ, ಆದೇಶ. ಅದು ಮಂಜೂರಾದದ್ದು ಜೂನ್‌ನಲ್ಲಿ.

ಇಲ್ಲೊಂದು ಮಾತು ಹೇಳಿಬಿಡಬೇಕು, ಯಾರಿಗಾದರೂ ಉಪಯೋಗವಾದೀತು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೆಯ ಕಲಮಿನಂತೆ ಮಹಿಳೆಯರಿಗೆ, ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಸಿಗುತ್ತದೆ. ಆಯಿ ಪಕ್ಷಗಾರರಾದ ದಿನವೇ ತಾಲೂಕು ಕಾನೂನು ಸೇವೆಗಳ ಸಮಿತಿಗೆ ಅರ್ಜಿ ಕೊಡಬಹುದಿತ್ತು, 15100ಕ್ಕೆ ಒಂದು ಕರೆ ಮಾಡಿದರೂ ಸಾಕಿತ್ತು. ನನಗಿದು ತಿಳಿದದ್ದು ಬಹಳ ತಡವಾಗಿ. ಆ ಹೊತ್ತಿಗೆ ವಕೀಲರನ್ನು ಬದಲಿಸುವುದೆಂದರೆ ಮತ್ತೆರಡು ತಾರೀಖು ಕಳೆದುಕೊಳ್ಳುವುದಾಗಿತ್ತು.

ಮಧ್ಯಂತರ ತಡೆ ಎಂಬುದು ಒಮ್ಮೆ ಸಿಕ್ಕರೆ ಕೊನೆಯವರೆಗೆ ಇರುತ್ತದೆಂದು ನಾನು ತಿಳಿದಿದ್ದೆ. ಹಾಗಲ್ಲ. ನಮ್ಮದು ಮುಂದಿನ ತಾರೀಖಿನವರೆಗೆ ಮಾತ್ರ; ಪ್ರತಿ ತಾರೀಖಿಗೂ ವಿಸ್ತರಣೆಯಾಗಬೇಕು, ಆದೇಶ ಹಾಳೆಯಲ್ಲಿ "ಮಧ್ಯಂತರ ತಡೆಯನ್ನು ಮುಂದಿನ ದಿನಾಂಕದವರೆಗೆ ವಿಸ್ತರಿಸಲಾಗಿದೆ" ಎಂಬ ಸಾಲು ಬರಬೇಕು. ತಾರೀಖಿನ ದಿನ ಸಂಜೆ ಅಂಗಡಿಯ ಶಟರ್ ಎಳೆಯುವ ಮುಂಚೆ ಇ-ಕೋರ್ಟ್ ಆ್ಯಪಿನಲ್ಲಿ ಪ್ರಕರಣದ ಹದಿನಾರು ಅಕ್ಷರದ ಸಂಖ್ಯೆ ಒತ್ತಿ ಆ ಸಾಲನ್ನು ಹುಡುಕುವುದು ನನಗೆ ಅಭ್ಯಾಸವಾಯಿತು. 2024ರ ಮಾರ್ಚ್‌ನಲ್ಲಿ ಶಿರಸಿಯ ಮಾರಿಕಾಂಬಾ ಜಾತ್ರೆ. ಎರಡು ವರ್ಷಕ್ಕೊಮ್ಮೆ ಬರುವ ಜಾತ್ರೆಯಲ್ಲಿ ದೇವಿಯ ಫೋಟೋಗಳಿಗೆ ಕಟ್ಟು ಹಾಕಿ ಮಾರುವುದು ಅಪ್ಪನ ಕಾಲದಿಂದ ನಡೆದುಬಂದ ಕೆಲಸ. ಅಪ್ಪ ಹೋಗಿ ವರ್ಷ ತುಂಬಿಲ್ಲವೆಂದು ಆಯಿ ಬೇಡವೆಂದರೂ, ಸೊಸೈಟಿಯ ಬಡ್ಡಿ ಕಟ್ಟಬೇಕಿದ್ದರಿಂದ ನಾನು ಹೋದೆ. ಜಾತ್ರೆಯ ನಡುವೆ ಒಂದು ತಾರೀಖು ಬಿತ್ತು. ಮಳಿಗೆಯನ್ನು ಪಕ್ಕದವರಿಗೆ ಒಪ್ಪಿಸಿ, ನಸುಕಿನ ಬಸ್ಸಿನಲ್ಲಿ ದೇವಿಮನೆ ಘಟ್ಟ ಇಳಿದು ಬಂದರೆ ನ್ಯಾಯಾಧೀಶರು ರಜೆಯಲ್ಲಿದ್ದರು. ಸಂಜೆಯ ಷರಾದಲ್ಲಿ ವಿಸ್ತರಣೆಯ ಸಾಲು ಇರಲಿಲ್ಲ. ಬರೀ ಮುಂದಿನ ದಿನಾಂಕ ಇತ್ತು. ನಾಲ್ಕು ದಿನಗಳಲ್ಲಿ ಎದುರಿನ ವಕೀಲರು ತಡೆ ಮುಗಿದಿದೆಯೆಂದು ಅಮಲ್ಜಾರಿಯಲ್ಲಿ ವಾರಂಟ್ ಕೋರಿದರು. ಅವರು ಮಾಡಿದ್ದು ತಮ್ಮ ಕಕ್ಷಿದಾರರ ಕೆಲಸ. ನಮ್ಮ ವಕೀಲರು ಅದೇ ದಿನ ತುರ್ತು ಅರ್ಜಿ ಹಾಕಿ, ಪ್ರಭಾರದ ನ್ಯಾಯಾಧೀಶರ ಮುಂದೆ ಮಧ್ಯಾಹ್ನದ ಊಟ ಬಿಟ್ಟು ಕಾದು, ಆ ಒಂದು ಸಾಲನ್ನು ಬರೆಸಿಕೊಂಡು ಬಂದರು. ಆ ನಾಲ್ಕು ರಾತ್ರಿ ನಾನು ಜನರ ಫೋಟೋಗಳನ್ನೆಲ್ಲ ಮನೆಗೆ ಸಾಗಿಸಿದೆ. ಮದುವೆಯವು, ಶ್ರಾದ್ಧಕ್ಕೆಂದು ದೊಡ್ಡದು ಮಾಡಿಸಿದವು, ಶಾಲೆಯ ಗುಂಪು ಫೋಟೋಗಳು. ಅಂಗಡಿ ಹೋದರೆ ಹೋಗಲಿ, ಬೇರೆಯವರ ಮನೆಯ ಹಿರಿಯರ ಮುಖ ಬೀದಿಗೆ ಬೀಳಬಾರದೆಂದು.

ಆಮೇಲೆ ಬೇಸಿಗೆ ರಜೆ. ರಜೆ ಮುಗಿಯುವಷ್ಟರಲ್ಲಿ ನ್ಯಾಯಾಧೀಶರ ವರ್ಗಾವಣೆ. ಹೊಸಬರು ಬರುವವರೆಗೆ ಪಕ್ಕದ ತಾಲೂಕಿನವರು ವಾರಕ್ಕೆ ಎರಡು ದಿನ ಬಂದು ತುರ್ತಿನದನ್ನು ಮಾತ್ರ ನೋಡುತ್ತಿದ್ದರು. ಒಬ್ಬ ಪಕ್ಷಗಾರನಿಗೆ ಮೂರಕ್ಕಿಂತ ಹೆಚ್ಚು ಸಲ ಮುಂದೂಡಿಕೆ ಕೊಡಬಾರದೆಂಬ ನಿಯಮ ಸಂಹಿತೆಯಲ್ಲೇ ಇದೆಯೆಂದು ನಾನು ಎಲ್ಲೋ ಓದಿ ವಕೀಲರನ್ನು ಕೇಳಿದೆ. ಅದು ಪಕ್ಷಗಾರ ಕೇಳಿ ಪಡೆದ ಮುಂದೂಡಿಕೆಗೆ ಮಾತ್ರ ಎಂದು ಅವರು ವಿವರಿಸಿದರು. ನನ್ನ ಡೈರಿಯಲ್ಲಿ ಒಟ್ಟು 26 ತಾರೀಖುಗಳಿವೆ. ಎದುರಿನವರು ಸಮಯ ಕೇಳಿದ್ದು ಎರಡು ಸಲ, ನಾವು ಒಂದು ಸಲ. ಪ್ರಕರಣದ ವಿಷಯವಾಗಿ ನಿಜಕ್ಕೂ ಮಾತು ನಡೆದದ್ದು ಏಳು ದಿನ. ಉಳಿದ ಹದಿನಾರು ದಿನ ಹೋದದ್ದು ನೋಟಿಸಿಗೆ, ರಜೆಗೆ, ಪ್ರಭಾರಕ್ಕೆ, ವಾರಸುದಾರಿಕೆಗೆ. ಇವುಗಳನ್ನು ಎಣಿಸುವ ನಿಯಮ ಯಾವುದೂ ಇಲ್ಲ. ತಡವೆಲ್ಲ ಇರುವುದು ಈ ಲೆಕ್ಕಕ್ಕೆ ಬಾರದ ದಿನಗಳಲ್ಲಿ ಎಂಬುದು ನನಗೆ ಖಚಿತವಾಗಿದೆ. ಎದುರಿನ ಮಾಲೀಕರೂ ಇದರಿಂದ ಏನು ಪಡೆದರೆಂದು ನನಗೆ ಕಾಣುವುದಿಲ್ಲ.

ಜುಲೈಯಲ್ಲಿ ಸಾಕ್ಷ್ಯ ಶುರುವಾಯಿತು. ನಾನು ಮಣಿಪಾಲದ ಡಿಸ್ಚಾರ್ಜ್ ಸಾರಾಂಶವನ್ನು ಹಾಜರುಪಡಿಸಿದೆ. ಪಾಟೀ ಸವಾಲಿನಲ್ಲಿ ಎದುರಿನ ವಕೀಲರು ವಕೀಲ ನೋಟಿಸ್ ತಲುಪಿದ್ದು ನಿಜವೇ ಎಂದು ಕೇಳಿದರು, ನಿಜ ಎಂದೆ. ಸಮನ್ಸ್ ಅಂಟಿಸಿದವರು ಆಗ ಕಾರವಾರಕ್ಕೆ ವರ್ಗವಾಗಿ ಹೋಗಿದ್ದರು. ಅವರನ್ನು ಸಾಕ್ಷಿಯಾಗಿ ಕರೆಸಿದ ತಾರೀಖು ಬಿದ್ದದ್ದು ಜುಲೈ 16ರಂದು ಅಂಕೋಲಾ ತಾಲೂಕಿನ ಶಿರೂರಿನಲ್ಲಿ ಗುಡ್ಡ ಕುಸಿದ ವಾರದಲ್ಲಿ. ಹೆದ್ದಾರಿ 66 ಮುಚ್ಚಿತ್ತು, ಗಂಗಾವಳಿಯಲ್ಲಿ ಜನರಿಗಾಗಿ ಹುಡುಕಾಟ ನಡೆದಿತ್ತು. ಆ ದಿನದ ಮುಂದೂಡಿಕೆಯನ್ನು ನಾನು ತಡವೆಂದು ಡೈರಿಯಲ್ಲಿ ಗುರುತು ಹಾಕಲಿಲ್ಲ. ಅವರು ಬಂದದ್ದು ಸೆಪ್ಟೆಂಬರ್‌ನಲ್ಲಿ. ಎರಡು ವರ್ಷದ ಹಿಂದಿನ ಒಂದು ಶಟರನ್ನು ನೆನಪಿಟ್ಟುಕೊಳ್ಳುವುದು ಯಾರಿಗೂ ಸಾಧ್ಯವಿಲ್ಲ. ನೆನಪಿಲ್ಲವೆಂದು ಪ್ರಾಮಾಣಿಕವಾಗಿ ಹೇಳಿದರು. ನಮ್ಮ ವಕೀಲರು ವರದಿಯನ್ನು ಅವರ ಕೈಗೆ ಕೊಟ್ಟು, ಜಾಗ ಗುರುತಿಸಿದವರ ಹೆಸರು ಎಲ್ಲಿದೆ ಎಂದು ಕೇಳಿದರು. ಅವರು ಕನ್ನಡಕ ಸರಿಪಡಿಸಿಕೊಂಡು ಕಾಗದವನ್ನು ಹಿಂದೆ ಮುಂದೆ ತಿರುಗಿಸಿ, "ಬರೆದಿಲ್ಲ" ಎಂದರು. ನ್ಯಾಯಾಧೀಶರು ಅದನ್ನು ತಾವೇ ಇಸಿದುಕೊಂಡು ನೋಡಿದರು. ಪೆನ್ಸಿಲಿನ ಗೆರೆಯಿಂದ ಆ ನೋಟದವರೆಗೆ ಹದಿಮೂರು ತಿಂಗಳು ಕಳೆದಿದ್ದವು. ಆ ಪ್ರಶ್ನೆ ಮತ್ತು ಉತ್ತರ ಎರಡೂ ಸೇರಿ ಐದು ನಿಮಿಷವೂ ಆಗಿರಲಿಲ್ಲ.

ವಾದ ಅಕ್ಟೋಬರ್‌ನಲ್ಲಿ ಮುಗಿಯಿತು. ನಡುವೆ ದಸರಾ ರಜೆ, ಆದೇಶಕ್ಕೆಂದು ಇಟ್ಟದ್ದು ಎರಡು ಸಲ ಮುಂದೆ ಹೋಗಿ, ಡಿಸೆಂಬರ್ ಎರಡನೆಯ ವಾರ ಆದೇಶ ಬಂತು. ಏಕಪಕ್ಷೀಯ ಡಿಕ್ರಿ ರದ್ದು. ಎದುರುದಾರರಿಗೆ 3,000 ರೂಪಾಯಿ ಖರ್ಚು ಕೊಡಬೇಕು. ಮೂವತ್ತು ದಿನಗಳಲ್ಲಿ ಲಿಖಿತ ಹೇಳಿಕೆ ಸಲ್ಲಿಸಬೇಕು. ದಾವೆ ಮೊದಲಿನ ಸಂಖ್ಯೆಗೇ ಮರಳುತ್ತದೆ. ಹದಿನಾರು ತಿಂಗಳಲ್ಲಿ ನಾವು ಗೆದ್ದದ್ದು ಇದನ್ನು, ಅಂದರೆ ದಾವೆ ಶುರುವಾದ ಜಾಗಕ್ಕೆ ಬಂದು ನಿಲ್ಲುವುದನ್ನು. ಅದಕ್ಕಾಗಿ ನನಗೆ ಬೇಸರವಿಲ್ಲ. ಆ ಜಾಗ ನಮಗೆ ಬೇಕಾಗಿತ್ತು. ಅಪ್ಪ ಇದ್ದಾಗ ಸಿಗಲಿಲ್ಲವೆಂಬ ಬೇಸರ ಮಾತ್ರ ಹೋಗುವುದಿಲ್ಲ. ಲಿಖಿತ ಹೇಳಿಕೆಯನ್ನು ಇಪ್ಪತ್ತನಾಲ್ಕನೆಯ ದಿನ ಸಲ್ಲಿಸಿದೆವು. ಅದರೊಂದಿಗೆ ಬಾಡಿಗೆಯ ನೋಟ್‌ಬುಕ್ಕು. ಅಂಚು ಹರಿದಿದ್ದ 2005ರ ಪುಟಕ್ಕೆ ನಾನೇ ಪಾರದರ್ಶಕ ಹಾಳೆ ಹಾಕಿ ಭದ್ರಪಡಿಸಿದ್ದೆ.

ಮರಳಿ ಶುರುವಾದ ದಾವೆಯ ಮೊದಲ ತಾರೀಖಿಗೆ, 2025ರ ಫೆಬ್ರುವರಿಯಲ್ಲಿ, ಆಯಿಯೂ ಬರುತ್ತೇನೆಂದರು. ಕೊನೆಯ ಬೆಂಚಿನಲ್ಲಿ ಕುಳಿತೆವು. ವಾರಸುದಾರರ ಹೆಸರು ಅರ್ಜಿಯಲ್ಲಿ ಸೇರಿತ್ತೇ ಹೊರತು ದಾವೆಯ ಪಟ್ಟಿಯಲ್ಲಿ ಇನ್ನೂ ಸೇರಿರಲಿಲ್ಲ. ಅದಕ್ಕೆ ಬೇರೆ ಅರ್ಜಿ ಆ ದಿನವೇ ಕೊಡುವುದಿತ್ತು. ಹಾಗಾಗಿ ಕೂಗುವವರು ಬಾಗಿಲಿಗೆ ಬಂದು, ಪಟ್ಟಿಯಲ್ಲಿದ್ದಂತೆ, ಅಪ್ಪನ ಹೆಸರನ್ನೇ ತಂದೆಯ ಹೆಸರು ಸಹಿತ ಗಟ್ಟಿಯಾಗಿ ಕೂಗಿದರು. ನಾನು ವಕೀಲರ ಕಡೆ ನೋಡುವಷ್ಟರಲ್ಲಿ, ಮೊದಲ ಕೂಗಿಗೇ, ಆಯಿ ಸೆರಗು ಸರಿಪಡಿಸಿಕೊಂಡು ಎದ್ದು ನಿಂತಿದ್ದರು.